ಲಾವಣ್ಯ

1883ರಲ್ಲಿ ಬಂಗಾಳದ ತರುಣನೊಬ್ಬ ಕಾರವಾರದ ಕಡಲತೀರಕ್ಕೆ ಬಂದನು. ಆಗ ಅವನಿಗೆ ಇಪ್ಪತ್ತೆರಡರ ಪ್ರಾಯ. ಅವನ ಅಣ್ಣ ಸತ್ಯೇಂದ್ರನಾಥ ಠಾಕೂರರು ಅಲ್ಲಿ ಜಿಲ್ಲಾ ನ್ಯಾಯಾಧೀಶರಾಗಿದ್ದರು. ಇಂಡಿಯನ್ ಸಿವಿಲ್ ಸರ್ವಿಸಿಗೆ ಸೇರಿದ ಮೊದಲನೆಯ ಭಾರತೀಯರೆಂಬ ಕೀರ್ತಿ ಅವರದು. ತಮ್ಮನೇ ಮುಂದೆ ವಿಶ್ವಕವಿಯೆನಿಸಿದ ರವೀಂದ್ರನಾಥರು. ಒಂದು ಬೆಳುದಿಂಗಳ ಸಂಜೆ ಅವರು ಜೊತೆಯವರೊಡನೆ ಸಣ್ಣ ದೋಣಿಯೊಂದರಲ್ಲಿ ಕಾಳಿನದಿಯ ಮೇಲಕ್ಕೆ ಸಾಗಿದರು. ಹಳೆಯ ಗಿರಿದುರ್ಗವೊಂದರ ಬಳಿ ದೋಣಿಯನ್ನು ನಿಲ್ಲಿಸಿ ದಡಕ್ಕೆ ಇಳಿದರು. ಅಲ್ಲಿ ಒಬ್ಬ ರೈತನ ಮನೆಯಿತ್ತು. ಅದರ ಅಂಗಳವನ್ನು ಗುಡಿಸಿ ಚೊಕ್ಕಟವಾಗಿ ಇಟ್ಟಿದ್ದರು. ಬೇಲಿಯ ಆಚೆಯಿಂದ ಬೆಳುದಿಂಗಳು ಬೀಳುತ್ತಿದ್ದ ಜಾಗದಲ್ಲಿ ಕುಳಿತು, ತಂದಿದ್ದ ಬುತ್ತಿಯನ್ನು ಉಂಡು, ನೀರಿನ ಸೆಳೆತಕ್ಕೆ ದೋಣಿಯನ್ನು ಬಿಟ್ಟು ಅವರು ಹಿಂದಿರುಗಿದರು. ಇಷ್ಟೇ ನಡೆದದ್ದು. ಆದರೆ ಸುಮಾರು ಮೂವತ್ತು ವರ್ಷಗಳ ತರುವಾಯ ತಮ್ಮ ಜೀವನಸ್ಮೃತಿಯನ್ನು ಬರೆಯುವಾಗ ಆ ಅಂಗಳವನ್ನು ಅವರು ಮರೆತಿರಲಿಲ್ಲ.

ಕಾರವಾರದಲ್ಲಿ ಇರುವಾಗಲೇ ಅವರು 'ಪ್ರಕೃತಿರ್ ಪ್ರತಿಶೋಧ್' ಎಂಬ ನಾಟಕವನ್ನು ಬರೆದರು. ಅದರಲ್ಲಿ ಒಬ್ಬ ಸಂನ್ಯಾಸಿ ಲೋಕದ ಎಲ್ಲ ಬಂಧಗಳನ್ನೂ ಕಡಿದುಹಾಕಿ ಅನಂತವನ್ನು ಗೆಲ್ಲಲು ಹೊರಡುತ್ತಾನೆ. ಯಾರೂ ಮುಟ್ಟಿಸಿಕೊಳ್ಳದ ಅನಾಥ ಬಾಲಿಕೆಯೊಬ್ಬಳ ಪ್ರೀತಿ ಅವನನ್ನು ಮತ್ತೆ ಮನುಷ್ಯರ ನಡುವೆ ಎಳೆದು ತರುತ್ತದೆ. ದೊಡ್ಡದು ಬೇರೆಲ್ಲೋ ಇಲ್ಲ, ಸಣ್ಣದರ ಒಳಗೇ ಇದೆ ಎಂಬುದು ಅವನಿಗೆ ತಿಳಿಯುವುದು ಬಹಳ ತಡವಾಗಿ. ಕವಿಯು ತಮ್ಮ ಮುಂದಿನ ಬರವಣಿಗೆಗೆಲ್ಲ ಈ ನಾಟಕವೇ ಪೀಠಿಕೆಯೆಂದು ಭಾವಿಸಿದ್ದರು. ಇಂದು ಆ ಕಡಲತೀರಕ್ಕೆ ಅವರ ಹೆಸರೇ ಇದೆ.

ಇಲ್ಲಿ ಒಂದು ಸ್ವಾರಸ್ಯವುಂಟು. ಕವಿಯ ಕಣ್ಣನ್ನು ತುಂಬಿದ ದೃಶ್ಯದಲ್ಲಿ ಗಾಳಿಮರದ ತೋಪೂ ಸೇರಿತ್ತು. ಗಾಳಿಮರ ಈ ನೆಲದಲ್ಲಿ ಹುಟ್ಟಿದ್ದಲ್ಲ. ಪೂರ್ವದ ದ್ವೀಪಗಳಿಂದಲೂ ಆಸ್ಟ್ರೇಲಿಯದ ಕಡೆಯಿಂದಲೂ ಬಂದದ್ದು. 1860ರ ದಶಕದಲ್ಲಿ ಅದನ್ನು ಕಾರವಾರದ ಮರಳಿನಲ್ಲಿ ನೆಟ್ಟು ಬೆಳೆಸಿದರು. ರವೀಂದ್ರರು ಬರುವ ಹೊತ್ತಿಗೆ ಅದು ಕಾಡಾಗಿ ನಿಂತು ಸುಯ್ಯೆಂದು ಹಾಡುತ್ತಿತ್ತು. ಅರಣ್ಯಾಧಿಕಾರಿಗೆ ಅದು ನೆಡುತೋಪು, ಒಲೆ ಹೊತ್ತಿಸುವವರಿಗೆ ಸೌದೆ, ಬೆಸ್ತರಿಗೆ ಗಾಳಿಗೆ ತಡೆ, ಕವಿಗೆ ಚೆಲುವು. ಹಾಗಾದರೆ ಚೆಲುವು ಇರುವುದು ಮರದಲ್ಲೋ, ನೋಡುವ ಕಣ್ಣಿನಲ್ಲೋ?

ಪ್ರಶ್ನೆ ಹಳೆಯದು. ಇದನ್ನು ಕುರಿತು ವಿಚಾರ ಮಾಡುವ ಶಾಸ್ತ್ರಕ್ಕೆ ನಾವು ಸೌಂದರ್ಯಮೀಮಾಂಸೆ ಎನ್ನುತ್ತೇವೆ. ಯೂರೋಪಿನಲ್ಲಿ ಅದಕ್ಕೆ 'ಈಸ್ಥೆಟಿಕ್ಸ್' ಎಂಬ ಹೆಸರನ್ನು ಕೊಟ್ಟವನು ಹದಿನೆಂಟನೆಯ ಶತಮಾನದ ಜರ್ಮನ್ ತತ್ತ್ವಜ್ಞಾನಿ ಬೌಮ್‌ಗಾರ್ಟನ್. ಗ್ರೀಕ್ ಭಾಷೆಯಲ್ಲಿ 'ಐಸ್ಥೆಸಿಸ್' ಎಂದರೆ ಇಂದ್ರಿಯಗಳ ಮೂಲಕ ಆಗುವ ಅರಿವು. ಶಸ್ತ್ರಚಿಕಿತ್ಸೆಗೆ ಮುಂಚೆ ರೋಗಿಗೆ ನೋವು ತಿಳಿಯದಂತೆ ಕೊಡುವ ಅನೆಸ್ತೀಸಿಯಾ ಎಂಬ ಮದ್ದಿನ ಹೆಸರೂ ಇದೇ ಬೇರಿನಿಂದ ಬಂದದ್ದು. ಅರಿವನ್ನು ಅಳಿಸುವುದು ಅದು. ಅರಿವನ್ನು ಎಚ್ಚರಗೊಳಿಸುವುದು ಇದು. ಆದುದರಿಂದ ಸೌಂದರ್ಯವೆಂದರೆ ಅಲಂಕಾರ, ಬಣ್ಣ, ಒಡವೆ ಎಂದು ತಿಳಿಯುವುದು ಮಾತಿನ ಅರ್ಥವನ್ನು ಬಹಳ ಕುಗ್ಗಿಸಿದಂತೆ.

ನಮ್ಮ ಭಾಷೆಗಳಲ್ಲಿ ಇದಕ್ಕೆ ಮಾತುಗಳ ಬಡತನವಿಲ್ಲ. ಚೆಲುವು, ಅಂದ, ಚಂದ, ಸೊಗಸು ಎಂದು ಕನ್ನಡ ಹೇಳುತ್ತದೆ. ಸೊಬಗು ಎಂಬುದು ಸಂಸ್ಕೃತದ ಸುಭಗ ಶಬ್ದದ ತದ್ಭವ. ಕಾರವಾರದ ಕೊಂಕಣಿಯವರು 'ಸೊಬೀತ' ಎನ್ನುತ್ತಾರೆ. ಆದರೆ ಕರಾವಳಿಯವರು ವಿಶೇಷವಾಗಿ ಗಮನಿಸಬೇಕಾದ ಮಾತು ಲಾವಣ್ಯ. ಅದು ಹುಟ್ಟಿದ್ದು ಲವಣದಿಂದ, ಎಂದರೆ ಉಪ್ಪಿನಿಂದ. ಸಾರಿಗೆ ಹಾಕಿದ ಉಪ್ಪು ಕಣ್ಣಿಗೆ ಕಾಣಿಸದು. ಇದು ತೊಗರಿ, ಇದು ಹುಣಿಸೆ ಎಂದು ತೋರಿಸುವಂತೆ ಇದು ಉಪ್ಪು ಎಂದು ಬೇರ್ಪಡಿಸಿ ತೋರಿಸಲಾಗದು. ಆದರೂ ಅದಿಲ್ಲದಿದ್ದರೆ ಉಳಿದದ್ದೆಲ್ಲ ಸಪ್ಪೆ. ಒಂಬತ್ತನೆಯ ಶತಮಾನದ ಕಾಶ್ಮೀರದ ಆಲಂಕಾರಿಕ ಆನಂದವರ್ಧನನು ಕಾವ್ಯದ ಧ್ವನಿಯನ್ನು ವಿವರಿಸುವಾಗ ಈ ಮಾತನ್ನೇ ಬಳಸಿದನು. ಕಣ್ಣು, ಮೂಗು, ತುಟಿ ಎಂಬ ಅವಯವಗಳ ಅಂದ ಬೇರೆ, ಅವೆಲ್ಲವನ್ನೂ ಮೀರಿ ತೋರುವ ಲಾವಣ್ಯ ಬೇರೆ. ಕವಿತೆಯಲ್ಲಿಯೂ ಶಬ್ದದ ಅರ್ಥ ಬೇರೆ, ಅದನ್ನು ಮೀರಿ ಹೊಳೆಯುವ ಅರ್ಥ ಬೇರೆ ಎಂಬುದು ಅವನ ಅಭಿಪ್ರಾಯ. ಟಿ. ಎನ್. ಶ್ರೀಕಂಠಯ್ಯನವರು 'ಭಾರತೀಯ ಕಾವ್ಯಮೀಮಾಂಸೆ'ಯಲ್ಲಿ ಈ ವಿಚಾರಗಳನ್ನು ಕನ್ನಡಿಗರಿಗೆ ತಿಳಿಯಾಗಿ ಬಿಡಿಸಿಟ್ಟಿದ್ದಾರೆ.

ಉಪ್ಪಿನ ಮಾತು ಬಂದುದರಿಂದ ಅದನ್ನೇ ಇನ್ನಷ್ಟು ನೋಡಬಹುದು. ಉತ್ತರ ಕನ್ನಡದ ಕರಾವಳಿಯಲ್ಲಿ ಉಪ್ಪಿನ ಆಗರಗಳು ಹಿಂದಿನಿಂದಲೂ ಉಂಟು. ಗೋಕರ್ಣದ ಸಮೀಪದ ಸಾಣಿಕಟ್ಟೆಯ ಆಗರ ಪ್ರಸಿದ್ಧವಾದದ್ದು. ಭರತದ ನೀರನ್ನು ಮಡಿಗಳಿಗೆ ಹಾಯಿಸಿ ಬಿಸಿಲಿಗೆ ಬಿಡುತ್ತಾರೆ. ಸಮುದ್ರದ ನೀರಿನಲ್ಲಿ ನೂರಕ್ಕೆ ಸುಮಾರು ಮೂರೂವರೆ ಪಾಲು ಲವಣಗಳಿರುತ್ತವೆ. ನೀರು ಆವಿಯಾದಂತೆ ಹರಳು ಕಟ್ಟತೊಡಗುತ್ತದೆ. ಒಂದು ಹರಳನ್ನು ಅಂಗೈಯಲ್ಲಿಟ್ಟು ಭೂತಗನ್ನಡಿಯಿಂದ ನೋಡಿದರೆ ಅದರ ಮುಖಗಳು ಚೌಕ, ಮೂಲೆಗಳು ನೇರ. ಅವಸರವಿಲ್ಲದೆ ಒಣಗಿದರೆ ಹರಳು ದೊಡ್ಡದಾಗುತ್ತದೆ. ಕೆಲವು ವೇಳೆ ನೀರಿನ ಮೇಲೆ ತೇಲುತ್ತಲೇ ಬೆಳೆದು, ಮೆಟ್ಟಿಲು ಮೆಟ್ಟಿಲಾಗಿ ಇಳಿದ ಪುಟ್ಟ ಪುಷ್ಕರಿಣಿಯಂತೆ ಕಾಣುತ್ತದೆ. ಅದನ್ನು ಯಾವ ಶಿಲ್ಪಿಯೂ ಕಡೆದಿಲ್ಲ.

ಈ ಚೌಕದ ಗುಟ್ಟನ್ನು ಬಿಡಿಸಿದವನು ಇಂಗ್ಲೆಂಡಿನಲ್ಲಿ ವ್ಯಾಸಂಗ ಮಾಡುತ್ತಿದ್ದ ಲಾರೆನ್ಸ್ ಬ್ರ್ಯಾಗ್ ಎಂಬ ಯುವಕ. 1913ರಲ್ಲಿ ಅವನು ಹರಳಿನ ಮೂಲಕ ಕ್ಷ-ಕಿರಣಗಳನ್ನು ಹಾಯಿಸಿ, ಅವು ಚದುರುವ ಕ್ರಮದಿಂದ ಒಳಗಿನ ರಚನೆಯನ್ನು ಲೆಕ್ಕಹಾಕಿದನು. ಸೋಡಿಯಂ ಮತ್ತು ಕ್ಲೋರಿನ್ ಕಣಗಳು ಚದುರಂಗದ ಮಣೆಯ ಕಪ್ಪುಬಿಳುಪಿನ ಮನೆಗಳಂತೆ ಒಂದನ್ನೊಂದು ಬಿಟ್ಟು ಕುಳಿತಿವೆ. ಪ್ರತಿಯೊಂದರ ಸುತ್ತಲೂ ಮತ್ತೊಂದು ಜಾತಿಯ ಆರು ಕಣಗಳಿವೆ. ಒಳಗಿನ ಈ ಒಪ್ಪವೇ ಹೊರಗೆ ಚೌಕವಾಗಿ ಕಾಣುವುದು. ವಿಜ್ಞಾನಿಗಳು ಒಂದು ಸಿದ್ಧಾಂತವನ್ನು ಸುಂದರವೆಂದು ಕರೆಯುವಾಗ ಇಂಥದನ್ನೇ ಮನಸ್ಸಿನಲ್ಲಿಟ್ಟುಕೊಂಡಿರುತ್ತಾರೆ: ಹೊರಗೆ ಸಾವಿರ ಬಗೆಯಾಗಿ ತೋರುವುದು ಒಳಗಿನ ಒಂದು ಕ್ರಮದಿಂದ ಬಂದದ್ದೆಂದು ಕಾಣುವ ಸಂತೋಷ. 1921ರಲ್ಲಿ ಹಡಗಿನಲ್ಲಿ ಪ್ರಯಾಣ ಮಾಡುತ್ತಿದ್ದ ಸಿ. ವಿ. ರಾಮನ್ನರು ಮೆಡಿಟರೇನಿಯನ್ ಸಮುದ್ರದ ನೀಲಿಯನ್ನು ಕಂಡು ಬೆರಗಾದರು. ಅದು ಆಕಾಶದ ಪ್ರತಿಬಿಂಬ ಮಾತ್ರವೆಂಬ ಆಗಿನ ವಿವರಣೆಗೆ ಅವರು ಒಪ್ಪಲಿಲ್ಲ. ನೀರಿನಲ್ಲಿ ಬೆಳಕು ಚದುರುವುದನ್ನು ಅಭ್ಯಾಸಮಾಡಲು ಅಂದು ತೊಡಗಿದ ದಾರಿ 1928ರಲ್ಲಿ ರಾಮನ್ ಪರಿಣಾಮದ ಶೋಧಕ್ಕೆ ತಂದು ಮುಟ್ಟಿಸಿತು. ಕಾರಣ ತಿಳಿದ ಮೇಲೆ ಕಡಲಿನ ನೀಲಿ ಸಪ್ಪೆಯಾಯಿತೆಂದು ಯಾರೂ ದೂರಿಲ್ಲ.

ಗಣಿತದವರ ಸಂತೋಷವೂ ಇದಕ್ಕೆ ಸಮೀಪವಾದದ್ದೇ. ಮರಳಿನ ಮೇಲೆ ಒಂದು ಕಪ್ಪೆಚಿಪ್ಪನ್ನಿಡಬೇಕು. ಅದರ ಎರಡು ಬದಿಗೆ ಮೂಲೆಯಾಗುವಂತೆ ಮೂರನ್ನು ಜೋಡಿಸಿದರೆ ಎರಡೆರಡರ ಚೌಕವಾಗುತ್ತದೆ. ಅದಕ್ಕೆ ಐದನ್ನು ಸೇರಿಸಿದರೆ ಮೂರುಮೂರರ ಚೌಕ, ಮತ್ತೆ ಏಳನ್ನು ಸೇರಿಸಿದರೆ ನಾಲ್ಕುನಾಲ್ಕರ ಚೌಕ. ಮೊದಲ ನೂರು ಬೆಸಸಂಖ್ಯೆಗಳ ಮೊತ್ತ 10,000 ಎಂಬುದನ್ನು ಕೂಡಿಸಿ ನೋಡದೆಯೇ ಹೇಳಬಹುದು. ಇದನ್ನು ಒಮ್ಮೆ ಕಣ್ಣಾರೆ ಕಂಡವರಿಗೆ ಬೇರೆ ಸಾಧನೆ ಬೇಕಾಗದು.

ಅದೇ ಉಪ್ಪಿಗೆ ಇನ್ನೊಂದು ಕಥೆಯಿದೆ. 1930ರ ಏಪ್ರಿಲ್ 13ರಂದು ಅಂಕೋಲೆಯಲ್ಲಿ ಎಂ. ಪಿ. ನಾಡಕರ್ಣಿಯವರ ಮುಂದಾಳತ್ವದಲ್ಲಿ ಜನರು ಸರ್ಕಾರದ ಕಾನೂನನ್ನು ಮುರಿದು ಉಪ್ಪು ಮಾಡಿದರು. ದಂಡಿಯಲ್ಲಿ ಗಾಂಧೀಜಿ ಉಪ್ಪನ್ನು ಎತ್ತಿ ಒಂದು ವಾರವಷ್ಟೇ ಕಳೆದಿತ್ತು. ಮುಂದೆ ಕರನಿರಾಕರಣೆಯ ಚಳವಳಿ ನಡೆದಾಗ ಅಂಕೋಲೆಯ ರೈತರು ಕಂದಾಯ ಕೊಡಲು ಒಪ್ಪದೆ ಹೊಲಮನೆಗಳನ್ನು ಕಳೆದುಕೊಂಡರು. ಅಂಕೋಲೆಗೆ ಕರ್ನಾಟಕದ ಬಾರ್ಡೋಲಿ ಎಂಬ ಹೆಸರು ಬಂದದ್ದು ಹೀಗೆ. ಅಂದು ಆ ಜನರು ಮಾಡಿದ ಉಪ್ಪು ಬಿಳುಪಾಗಿತ್ತೋ ಮಣ್ಣು ಬೆರೆತಿತ್ತೋ ಎಂದು ಯಾರೂ ವಿಚಾರಿಸುವುದಿಲ್ಲ. ನಡತೆಗೂ ಚೆಲುವು ಎಂಬ ಮಾತು ಸಲ್ಲುತ್ತದೆ. ಒಳ್ಳೆಯ ಕೆಲಸವನ್ನು ಕಂಡಾಗ 'ಚಂದ ಮಾಡಿದ' ಎಂದು ಹಳ್ಳಿಯವರು ಹೇಳುವುದು ಬರಿಯ ರೂಢಿಯ ಮಾತಲ್ಲ.

ಕಟ್ಟುವ ಕೆಲಸದಲ್ಲಿ ಚೆಲುವಿನ ಲೆಕ್ಕ ಮತ್ತೊಂದು ಬಗೆಯದು. ಕಾರವಾರದ ಮರಳಿನ ಮೇಲೆ ಎಳೆದಿಟ್ಟ ದೋಣಿಯನ್ನು ನೋಡಬೇಕು. ಮೂತಿ ಚೂಪು, ಅದು ತೆರೆಯನ್ನು ಸೀಳಲು. ನಡು ಅಗಲ, ಅದು ಬಲೆಯನ್ನೂ ಮೀನನ್ನೂ ಹೊರಲು. ಸಣ್ಣ ಪಾತಿದೋಣಿಯಾದರೆ ಒಂದು ಬದಿಗೆ ತೇಲುಮರವನ್ನು ಕಟ್ಟಿರುತ್ತಾರೆ, ಅದು ಮಗುಚದಿರಲು. ಆ ಬಾಗು ಕಣ್ಣಿಗೆ ಹಿತವಾಗಲೆಂದು ಬಡಗಿ ಅದನ್ನು ಬಗ್ಗಿಸಲಿಲ್ಲ. ಆದರೂ ಕಣ್ಣಿಗೆ ಹಿತವಾಗಿದೆ. ತಲೆಮಾರುಗಳ ಕಾಲ ಕಡಲೇ ಪರೀಕ್ಷಕನಾಗಿ ನಿಂತು, ತಪ್ಪಿದ ಆಕಾರಗಳನ್ನು ನುಂಗಿ, ಸರಿಯಾದ ಆಕಾರವನ್ನು ಉಳಿಸಿದೆ. ರಂಪಣಿ ಬಲೆಯೂ ಹಾಗೆಯೇ. ದೋಣಿಯಿಂದ ಅರ್ಧಚಂದ್ರಾಕಾರವಾಗಿ ಬಲೆ ಬಿಟ್ಟು, ಎರಡು ತುದಿಗಳನ್ನೂ ಹತ್ತಾರು ಜನ ದಡದಿಂದ ಒಂದೇ ಲಯದಲ್ಲಿ ಎಳೆಯುತ್ತಿದ್ದರು. ನೋಡಲು ಬಂದವರಿಗೆ ಅದು ನೃತ್ಯದಂತೆ ಕಂಡಿದ್ದರೆ ಆಶ್ಚರ್ಯವಿಲ್ಲ; ಲಯ ತಪ್ಪಿದರೆ ಮೀನು ತಪ್ಪುತ್ತದೆಂಬುದು ಎಳೆಯುವವರ ಚಿಂತೆ. 1970ರ ದಶಕದಿಂದ ಯಂತ್ರದ ದೋಣಿಗಳೂ ದೊಡ್ಡ ಬಲೆಗಳೂ ಬಂದ ಮೇಲೆ ರಂಪಣಿ ಅಪರೂಪವಾಯಿತು.

ಆದರೆ ಕಣ್ಣಿನ ಮೆಚ್ಚುಗೆಯನ್ನು ಮಾತ್ರ ನಂಬುವಂತಿಲ್ಲ. ಕಾಳಿನದಿಯ ಅಳಿವೆಗೆ ಅಡ್ಡಲಾಗಿ 1980ರ ದಶಕದ ಮೊದಲಲ್ಲಿ ಸೇತುವೆಯೊಂದು ಸಿದ್ಧವಾಯಿತು. ಒಂದು ಕಡೆ ಕಾರವಾರದ ಕೋಡಿಬಾಗ, ಇನ್ನೊಂದು ಕಡೆ ಸದಾಶಿವಗಡದ ಗುಡ್ಡ, ಪಶ್ಚಿಮಕ್ಕೆ ಕಡಲು. ಸೂರ್ಯಾಸ್ತದ ಹೊತ್ತಿಗೆ ಅದರ ಚಿತ್ರ ತೆಗೆಯದ ಪ್ರವಾಸಿ ವಿರಳ. 2024ರ ಆಗಸ್ಟ್ 7ರ ನಡುರಾತ್ರಿ ಕಳೆದ ಹೊತ್ತಿನಲ್ಲಿ ಆ ಹಳೆಯ ಸೇತುವೆ ಕುಸಿದು ನದಿಗೆ ಬಿತ್ತು. ಅದರ ಮೇಲೆ ಹೋಗುತ್ತಿದ್ದ ಲಾರಿಯೂ ನೀರಿಗೆ ಉರುಳಿತು, ಚಾಲಕನನ್ನು ಬದುಕಿಸಿದರು. ಚಿತ್ರದಲ್ಲಿ ಕಾಣುವುದು ಸೇತುವೆಯ ಆಕಾರ, ಅದರ ಬಲವಲ್ಲ. ಎಂಜಿನಿಯರನು ಸೇತುವೆಯನ್ನು ಸುಂದರವೆನ್ನಬೇಕಾದರೆ ಭಾರ ಎಲ್ಲಿಂದ ಎಲ್ಲಿಗೆ ಇಳಿಯುತ್ತದೆ, ಉಪ್ಪುಗಾಳಿ ಕಬ್ಬಿಣವನ್ನು ಎಷ್ಟು ತಿಂದಿದೆ ಎಂಬುದನ್ನೂ ಕಂಡಿರಬೇಕು. ಲವಣದ ಇನ್ನೊಂದು ಮುಖ ಇದು.

ಅದೇ ವರ್ಷದ ಜುಲೈ 16ರಂದು ಅಂಕೋಲೆಯ ಶಿರೂರಿನಲ್ಲಿ ನಡೆದದ್ದು ಇನ್ನೂ ಘೋರವಾದದ್ದು. ಅಲ್ಲಿ ಒಂದು ಕಡೆ ಗುಡ್ಡ, ಒಂದು ಕಡೆ ಗಂಗಾವಳಿ ನದಿ, ನಡುವೆ ರಾಷ್ಟ್ರೀಯ ಹೆದ್ದಾರಿ. ದಾರಿಯನ್ನು ಅಗಲಿಸಲು ಗುಡ್ಡದ ಬುಡವನ್ನು ಕಡಿದಾಗಿ ಕತ್ತರಿಸಲಾಗಿತ್ತು. ಎಡೆಬಿಡದ ಮಳೆಯಲ್ಲಿ ಗುಡ್ಡ ಜಾರಿ, ಹೆದ್ದಾರಿಯನ್ನೂ ಅದರ ಅಂಚಿನಲ್ಲಿದ್ದ ಚಹಾದ ಅಂಗಡಿಯನ್ನೂ ವಾಹನಗಳನ್ನೂ ತಳ್ಳಿಕೊಂಡು ನದಿಗೆ ಬಿತ್ತು. ಹಲವರು ಪ್ರಾಣ ಕಳೆದುಕೊಂಡರು. ನದಿಯ ಹೂಳಿನಲ್ಲಿ ಹುಡುಕಾಟ ಎರಡು ತಿಂಗಳನ್ನು ದಾಟಿತು. ಮಣ್ಣಿನ ರಾಶಿಯೊಂದನ್ನು ಸುರಿದರೆ ಅದು ತನ್ನದೇ ಆದ ಒಂದು ಇಳಿಜಾರಿನಲ್ಲಿ ನಿಲ್ಲುತ್ತದೆ. ಅದಕ್ಕಿಂತ ಕಡಿದು ಮಾಡಿದರೆ ನಿಲ್ಲದು. ನೀರು ಕುಡಿದ ಮಣ್ಣು ತೂಕ ಹೆಚ್ಚಿ, ಹಿಡಿತ ಸಡಿಲಿ, ಇನ್ನೂ ಬೇಗ ಜಾರುತ್ತದೆ. ದೂರದಿಂದ ನೋಡುವವರು ಸಹ್ಯಾದ್ರಿಯ ಗುಡ್ಡಗಳ ಮೆಲ್ಲಗೆ ಇಳಿಯುವ ರೇಖೆಯನ್ನು ಹೊಗಳುತ್ತಾರೆ. ಆ ರೇಖೆ ಸಾವಿರಾರು ಮಳೆಗಾಲಗಳೊಡನೆ ಗುಡ್ಡ ಮಾಡಿಕೊಂಡ ಒಪ್ಪಂದ. ಚೆಲುವನ್ನು ಬಿಡುವಿನವರ ಹವ್ಯಾಸವೆಂದು ತಳ್ಳಿಹಾಕುವವರು ಶಿರೂರನ್ನು ಒಮ್ಮೆ ನೆನೆಯಬೇಕು. ಇಳಿಜಾರಿನ ರೂಪವನ್ನು ಓದಲು ಬಾರದಿದ್ದರೆ ಅದರ ಬೆಲೆಯನ್ನು ತೆರುವವರು ಕೆಳಗಿರುವವರು.

ಇನ್ನು ರುಚಿಯ ವಿಚಾರ. ಕಾವ್ಯನಾಟಕಗಳಿಂದ ಆಗುವ ಆನಂದಕ್ಕೆ ಹೆಸರಿಡಬೇಕಾದಾಗ ಭರತಮುನಿ ಅಡಿಗೆಮನೆಯ ಮಾತನ್ನೇ ಆರಿಸಿಕೊಂಡನು. ರಸ ಎಂದರೆ ಹಣ್ಣಿನ ಸಾರ. ನಾನಾ ವ್ಯಂಜನಗಳು ಕೂಡಿದ ಅನ್ನವನ್ನು ಉಣ್ಣುವವನು ಹೇಗೆ ಸವಿಯುತ್ತಾನೋ ಹಾಗೆ ನಾಟಕವನ್ನು ನೋಡುವವನು ಭಾವಗಳನ್ನು ಸವಿಯುತ್ತಾನೆಂದು ನಾಟ್ಯಶಾಸ್ತ್ರ ವಿವರಿಸುತ್ತದೆ. ಭಯವೂ ಜುಗುಪ್ಸೆಯೂ ಅದರಲ್ಲಿ ರಸಗಳಾಗುತ್ತವೆ. ಬಯಲಾಟದಲ್ಲಿ ಮುಖಕ್ಕೆ ಅಕ್ಕಿಹಿಟ್ಟಿನ ಚಿಟ್ಟಿಯಿಟ್ಟ ರಾಕ್ಷಸವೇಷ ಅಬ್ಬರಿಸಿ ಬಂದರೆ ಮುಂದೆ ಕುಳಿತ ಮಕ್ಕಳು ಬೆಚ್ಚುತ್ತಾರೆ, ಆದರೆ ಎದ್ದು ಮನೆಗೆ ಹೋಗುವುದಿಲ್ಲ. ಅಂಕೋಲೆಯವರಿಗೆ ರಸದ ಅರ್ಥವನ್ನು ತಿಳಿಸಲು ಶಾಸ್ತ್ರವೂ ಬೇಕಿಲ್ಲ, ಕರಿ ಇಶಾಡ ಸಾಕು. ಈ ಮಾವಿನ ಸಿಪ್ಪೆ ತೆಳು, ತಿರುಳು ಹೆಚ್ಚು, ಪರಿಮಳ ಮನೆಯನ್ನೆಲ್ಲ ತುಂಬುವಂಥದು. ಹಣ್ಣಾದ ಮೇಲೆ ಬಹುಕಾಲ ಉಳಿಯದ ಕಾರಣ ದೂರದ ಪೇಟೆಗಳಲ್ಲಿ ಅದು ಅಪರಿಚಿತವಾಗಿಯೇ ಉಳಿಯಿತು. 2023ರಲ್ಲಿ ಅದಕ್ಕೆ ಭೌಗೋಳಿಕ ಸೂಚಿಕೆಯ ಮನ್ನಣೆ ದೊರೆಯಿತು. ಬುಟ್ಟಿಯಲ್ಲಿ ಹೊಳೆಯುತ್ತ ಕುಳಿತ ಬೇರೆ ಊರಿನ ಮಾವುಗಳ ಪಕ್ಕದಲ್ಲಿ ಇಟ್ಟರೆ ಇದನ್ನು ಮೊದಲು ಕೈಗೆತ್ತಿಕೊಳ್ಳುವವರು ತಿಂದು ಬಲ್ಲವರು ಮಾತ್ರ.

ಮಾತಿನ ರುಚಿಯನ್ನು ಬಲ್ಲವರು ಅಂಕೋಲೆಯಲ್ಲಿ ಬಹಳ ಮಂದಿ ಆಗಿಹೋಗಿದ್ದಾರೆ. ಅವರಲ್ಲಿ ದಿನಕರ ದೇಸಾಯಿಯವರು (1909–1982) ನಾಲ್ಕೇ ಸಾಲಿನ ಚುಟುಕವನ್ನು ಕನ್ನಡದ ಮನೆಮಾತು ಮಾಡಿದರು. ಅವರು ಕಾರ್ಮಿಕರ ಹಾಗೂ ರೈತರ ಪರವಾಗಿ ಹೋರಾಡಿದವರು. 1953ರಲ್ಲಿ ಕೆನರಾ ವೆಲ್‌ಫೇರ್ ಟ್ರಸ್ಟನ್ನು ಸ್ಥಾಪಿಸಿ ಜಿಲ್ಲೆಯಲ್ಲಿ ಶಾಲೆಗಳನ್ನು ತೆರೆದವರು. ಚುಟುಕದಲ್ಲಿ ವರ್ಣನೆಗೆ ಎಡೆಯಿಲ್ಲ. ಮೂರು ಸಾಲು ಸಾಧುವಾಗಿ ನಡೆದು ನಾಲ್ಕನೆಯದು ತಿರುಗಿ ಕುಟುಕಬೇಕು. ಒಂದು ಪದ ಹೆಚ್ಚಾದರೂ ಮೊನೆ ಮೊಂಡಾಗುತ್ತದೆ. ಮಹಾಕಾವ್ಯದ ಚೆಲುವು ಸಹ್ಯಾದ್ರಿಯಂಥದಾದರೆ ಚುಟುಕದ್ದು ಉಪ್ಪಿನ ಹರಳಿನಂಥದು.

ಸೌಂದರ್ಯದ ಮಾತನ್ನು ಮನುಷ್ಯರಿಗೆ ಅನ್ವಯಿಸುವಾಗಲೇ ಹೆಚ್ಚು ಎಚ್ಚರ ಬೇಕಾದದ್ದು. ಬಿಳಿಯ ಬಣ್ಣವೇ ಚೆಲುವೆಂದು ಡಬ್ಬಿಗಳಲ್ಲಿ ತುಂಬಿ ಮಾರುವವರಿಗೆ ಕೊರತೆಯಿಲ್ಲ. ಶ್ಯಾಮವರ್ಣದ ಕೃಷ್ಣನನ್ನು ಸುಂದರನೆಂದು ಹಾಡಿದ ನಾಡಿನಲ್ಲಿ ಆ ವ್ಯಾಪಾರ ನಡೆಯುವುದು ವಿಚಿತ್ರವೇ ಸರಿ. ಅಂಕೋಲೆಯ ಸುತ್ತಮುತ್ತಲಿನ ಹಾಲಕ್ಕಿ ಒಕ್ಕಲಿಗರ ಹೆಂಗಸರು ಕೊರಳ ತುಂಬ ಮಣಿಸರಗಳನ್ನು ಧರಿಸಿ, ಕುಪ್ಪಸವಿಲ್ಲದೆ ಸೀರೆಯನ್ನು ಹೆಗಲ ಬಳಿ ಬಿಗಿದು ಉಡುವುದು ಅವರ ಸಂಪ್ರದಾಯ. ಗದ್ದೆಯಲ್ಲಿ ಬಗ್ಗಿ ಏಳುವ ಮೈಗೆ ಆ ಉಡುಗೆ ಅನುಕೂಲವಾದದ್ದು. ಪೇಟೆಯ ಕಣ್ಣು ಅದನ್ನು ಕಂಡು ನಕ್ಕದ್ದೂ ಉಂಟು, ಬೆರಗಿನಿಂದ ಚಿತ್ರ ತೆಗೆದುಕೊಂಡದ್ದೂ ಉಂಟು. ಎರಡರಲ್ಲಿಯೂ ಉಟ್ಟವರ ಪರಿಚಯವಿರಲಿಲ್ಲ. ಸುಗ್ಗಿಯ ಕಾಲದಲ್ಲಿ ಅದೇ ಜನರ ಗಂಡಸರು ಬೆಂಡಿನ ಹೂಗಳಿಂದ ಕಟ್ಟಿದ ಎತ್ತರವಾದ ತುರಾಯಿಗಳನ್ನು ತಲೆಗೇರಿಸಿ, ಗುಮಟೆಯ ಪೆಟ್ಟಿಗೆ ಹೆಜ್ಜೆಯಿಟ್ಟು ಮನೆಮನೆಗೆ ಕುಣಿಯುತ್ತ ಬರುತ್ತಾರೆ. ವರ್ಷವೆಲ್ಲ ಕೆಸರಿನಲ್ಲಿ ನಿಂತವರು ಕೆಲವು ದಿನ ಹೂವಿನ ಮರಗಳಂತೆ ನಡೆದಾಡುವ ಆ ನೋಟಕ್ಕೆ ಹೋಲಿಕೆ ಸಿಗುವುದು ಕಷ್ಟ.

ಬಡಗೇರಿಯ ಸುಕ್ರಿ ಬೊಮ್ಮಗೌಡರು ಈ ಸಮುದಾಯದವರು. ಓದುಬರಹ ಕಲಿಯದ ಅವರ ನೆನಪಿನಲ್ಲಿ ಸಾವಿರಾರು ಹಾಡುಗಳಿದ್ದವು. ನೆಡುವಾಗ ಒಂದು, ಕೊಯ್ಯುವಾಗ ಒಂದು, ಮದುವೆಗೆ ಒಂದು ಎಂದು ಬಾಳಿನ ಪ್ರತಿಯೊಂದು ಕೆಲಸಕ್ಕೂ ಅಲ್ಲಿ ಹಾಡಿತ್ತು. ಊರಿನ ಮನೆಗಳನ್ನು ಹಾಳುಮಾಡುತ್ತಿದ್ದ ಹೆಂಡಸಾರಾಯಿಯ ವಿರುದ್ಧವೂ ಅವರು ಹೆಂಗಸರನ್ನು ಕೂಡಿಸಿ ನಿಂತರು. 2017ರಲ್ಲಿ ಪದ್ಮಶ್ರೀ ಪ್ರಶಸ್ತಿ ಅವರಿಗೆ ಸಂದಿತು. 2025ರ ಫೆಬ್ರವರಿಯಲ್ಲಿ ಅವರು ತೀರಿಕೊಂಡರು.

ಹೊನ್ನಳ್ಳಿಯ ತುಳಸಿ ಗೌಡರು ಹಾಡಿನವರಲ್ಲ, ಗಿಡದವರು. ಎಳವೆಯಲ್ಲಿಯೇ ತಾಯಿಯೊಡನೆ ಸಸಿಗಳ ಮಡಿಯಲ್ಲಿ ಕೂಲಿಗೆ ಸೇರಿ, ಹತ್ತಾರು ವರ್ಷ ಅರಣ್ಯ ಇಲಾಖೆಯ ಸಸ್ಯಪಾಲನೆಯಲ್ಲಿ ಕಳೆದರು. 2021ರ ನವೆಂಬರಿನಲ್ಲಿ ಅವರು ತಮ್ಮ ಮಣಿಸರಗಳೊಡನೆ, ಎಂದಿನ ಉಡುಗೆಯಲ್ಲಿ, ಬರಿಗಾಲಿನಲ್ಲಿ ರಾಷ್ಟ್ರಪತಿ ಭವನದ ರತ್ನಗಂಬಳಿಯ ಮೇಲೆ ನಡೆದು ಪದ್ಮಶ್ರೀಯನ್ನು ಸ್ವೀಕರಿಸಿದ ಚಿತ್ರವನ್ನು ದೇಶವೆಲ್ಲ ಕಂಡಿತು. ಅವರ ಜಾಣ್ಮೆ ಇದ್ದದ್ದು ತಾಯಿಮರವನ್ನು ಗುರುತಿಸುವುದರಲ್ಲಿ. ಒಂದು ಜಾತಿಯ ಮರಗಳು ಕಾಡಿನಲ್ಲಿ ನೂರಿದ್ದರೂ ಬೀಜಕ್ಕೆ ತಕ್ಕವು ಕೆಲವೇ. ಅವುಗಳಲ್ಲಿ ಯಾವುದರ ಬೀಜ ಯಾವ ತಿಂಗಳಲ್ಲಿ ಬಲಿಯುತ್ತದೆ, ಯಾವ ದಿನ ಆರಿಸಿದರೆ ಮೊಳೆಯುತ್ತದೆ ಎಂಬುದನ್ನು ಅವರು ಕಂಡೇ ಹೇಳುತ್ತಿದ್ದರು. 2024ರ ಡಿಸೆಂಬರಿನಲ್ಲಿ ಅವರು ತೀರಿಕೊಂಡಾಗ, ಅವರು ಆರಿಸಿದ ಬೀಜಗಳಿಂದ ಎದ್ದ ಮರಗಳು ಅಂಕೋಲೆಯ ಕಾಡುಗಳಲ್ಲಿ ತಾವೇ ಬೀಜ ಬಿಡುವಷ್ಟು ದೊಡ್ಡವಾಗಿದ್ದವು.